ಮಾತು ಬಿಟ್ಟವರ ಮಠ

ಯುದ್ಧದ ಕಾಲದಲ್ಲಿ ನಾನು ಚನ್ನರಾಯಪಟ್ಟಣದ ಕಡೆ ಹಳ್ಳಿಹಳ್ಳಿ ತಿರುಗಿ ಸಿಡುಬಿನ ದಾಕು, ಅಂದರೆ ಲಸಿಕೆ, ಹಾಕುತ್ತಿದ್ದೆ. ಬಾಗೂರಿನಾಚೆ ಒಂದು ಮಠವಿತ್ತು. ಅಲ್ಲಿನ ಸನ್ಯಾಸಿಗಳು ದೀಕ್ಷೆಯ ದಿನವೇ ಮಾತು ಬಿಟ್ಟವರು.

"ಒಳಗೆ ತುಟಿ ಬಿಚ್ಬ್ಯಾಡಿ ಸಾ," ಎಂದ ಗಾಡಿ ಹೊಡೆಯುತ್ತಿದ್ದ ಲಿಂಗಪ್ಪ. "ಅವ್ರು ಮಾತಾಡಕಿಲ್ಲ. ಆದ್ರೂ ಏಳ್ಬೇಕಾದ್ದು ಏಳ್ತಾರೆ ಕಣ."

ಜಗಲಿಯ ಮೇಲೆ ಎಲ್ಲರೂ ಸಾಲಾಗಿ ಕೂತಿದ್ದರು. ಮೊದಲಿದ್ದ ಮುದುಕರ ತೋಳು ಹಿಡಿಯಲು ಹೋದೆ. ಅವರು ತೋಳು ಕೊಡದೆ ನನ್ನ ಕೈಯನ್ನೇ ಹಿಡಿದು ಕಣ್ಣು ಮುಚ್ಚಿದರು. ಸಾಲಿನಲ್ಲಿದ್ದವರೆಲ್ಲ ಒಟ್ಟಿಗೇ ಕಣ್ಣು ಮುಚ್ಚಿದರು. ನನ್ನ ಗಂಟಲು ಕೆಂಡ ನುಂಗಿದಂತೆ ಉರಿಯತೊಡಗಿತು. ಕೂಗಬೇಕೆಂದರೂ ದನಿ ಹೊರಡಲಿಲ್ಲ. ಮುದುಕರು ಕೈ ಬಿಟ್ಟೊಡನೆ ಉರಿ ನಿಂತಿತು. ಅವರು ಎದ್ದು ಒಳಕೋಣೆಯ ಬಾಗಿಲು ತೆರೆದರು.

ಅಲ್ಲಿ ಚಾಪೆಯ ಮೇಲೆ ಒಬ್ಬ ಸನ್ಯಾಸಿ ಮೈತುಂಬ ಸಿಡುಬೆದ್ದು ಮಲಗಿದ್ದ. ಬಾಯೊಳಗೂ ಗುಳ್ಳೆಗಳು.

ಅವನನ್ನು ಗಾಡಿಯಲ್ಲೇ ಆಸ್ಪತ್ರೆಗೆ ಸಾಗಿಸಿದೆವು, ಬದುಕಿಕೊಂಡ. ಅವತ್ತು ಡಾಕ್ಟರು, "ರೋಗಿ ಏನು ಹೇಳ್ತಾನೆ?" ಅಂತ ನನ್ನನ್ನು ಕೇಳಿದರು.

"ಗಂಟಲು ಉರೀತಿದೆಯಂತೆ," ಅಂದೆ.

ಅವರು ತಲೆಯಾಡಿಸಿ ಔಷಧ ಕೊಟ್ಟರು. ಯಾವ ಬಾಯಲ್ಲಿ ಹೇಳಿದ ಅಂತ ಕೇಳಲಿಲ್ಲ, ನನ್ನ ಪುಣ್ಯ.