ಖಾಲಿ ಬಿಡಬೇಕಾದ ವೃತ್ತ

ಸಂಖ್ಯಾರೇಖೆಯ ಮೇಲೆ ನಾವು ಗಣಿತದ ಮೇಷ್ಟ್ರುಗಳು ಬರೆಯುವ ಖಾಲಿ ವೃತ್ತ ಸಾಸಿವೆ ಕಾಳಿಗಿಂತ ಹೆಚ್ಚು ದೊಡ್ಡದಲ್ಲ. ಬ್ರಹ್ಮಪುರದ ಮನೆಯಿಂದ ಕಾಲೇಜಿಗೆ ನಡೆದು, ಕರಿಹಲಗೆಯ ಮೇಲೆ ಅದನ್ನು ಬರೆದು ಅಳಿಸುತ್ತಲೇ ತಲೆ ನರೆಸಿಕೊಂಡ ನಾನು, ಒಂದು ದಿನ ಅದಕ್ಕೆ ಹೆದರಬೇಕಾದೀತೆಂದು ಕನಸಿನಲ್ಲೂ ಎಣಿಸಿರಲಿಲ್ಲ.

ಬೀಜಗಣಿತ ಮರೆತ ಓದುಗರು ಗಾಬರಿಯಾಗುವುದು ಬೇಡ. x – 2 ಎಂಬುದನ್ನು x – 5ರಿಂದ ಭಾಗಿಸಿದಾಗ ಬರುವುದು ಸೊನ್ನೆಯಾಗಿರಬೇಕು, ಇಲ್ಲವೇ ಸೊನ್ನೆಗಿಂತ ಕಡಿಮೆಯಿರಬೇಕು. ಅಂಥ x ಯಾವುವು? ಇಂಥ ಪ್ರಶ್ನೆಗಳಿಗೆ ಅಸಮತೆಗಳೆಂದು ಹೆಸರು. ಛೇದ ಧನವೋ ಋಣವೋ ತಿಳಿಯದೆ ಅದರಿಂದ ಗುಣಿಸಹೊರಟರೆ, ಮಾವನ ಮನಃಸ್ಥಿತಿ ಅರಿಯದೆ ಮಾತಿಗಿಳಿದ ಅಳಿಯನಂತೆ ಪೇಚಿಗೆ ಸಿಲುಕುತ್ತೀರಿ. ಉತ್ತರ ಎರಡರಿಂದ ಹೊರಟು ಐದರತ್ತ ಸಾಗುತ್ತದೆ. ಎರಡು ಅದರಲ್ಲಿ ಸೇರುತ್ತದೆ, ಆದ್ದರಿಂದ ಅಲ್ಲಿ ತುಂಬಿದ ಚುಕ್ಕೆ. ಐದರಲ್ಲಿ ಛೇದ ಸೊನ್ನೆಯಾಗಿ ಭಾಗಾಕಾರವೇ ಅಸಾಧ್ಯವಾಗುವುದರಿಂದ ಅಲ್ಲಿ ಖಾಲಿ ವೃತ್ತ. ಅದರ ಸನಿಹಕ್ಕೆ ಎಷ್ಟಾದರೂ ಸರಿಯಬಹುದು, ಅದರ ಮೇಲೆ ಮಾತ್ರ ಯಾರೂ ನಿಲ್ಲುವಂತಿಲ್ಲ.

ಕಮಲಾಪುರದಲ್ಲಿರುವ ನನ್ನ ಅಕ್ಕನ ಮಗಳು ಭಾಗ್ಯಶ್ರೀ ಪಿಯುಸಿ ಗಣಿತದಲ್ಲಿ ಒಮ್ಮೆ ನಪಾಸಾಗಿದ್ದಳು. ಮರುಪರೀಕ್ಷೆಯಲ್ಲೂ ಎಡವಿದರೆ ಓದು ಬಿಡಿಸುವುದೆಂದು ಭಾವ ನಿಶ್ಚಯಿಸಿದ್ದರಿಂದ, ಭಾನುವಾರಗಳಂದು ನಾನು ಬಸ್ಸು ಹಿಡಿದು ಹೋಗಿ, ಅಕ್ಕ ಮುಂದಿಡುವ ಕೆಂಪು ಬಾಳೆಹಣ್ಣುಗಳಿಗೆ ನ್ಯಾಯ ಒದಗಿಸಿ, ಉಳಿದ ಸಮಯದಲ್ಲಿ ಪಾಠ ಹೇಳುತ್ತಿದ್ದೆ. ಹುಡುಗಿ ಚುರುಕು. ಚಿಹ್ನೆಗಳನ್ನೆಲ್ಲ ಸರಿಯಾಗಿ ಗುರುತಿಸಿ, ಕಟ್ಟಕಡೆಗೆ ಆ ಖಾಲಿ ವೃತ್ತವನ್ನು ಪೆನ್ನಿನಿಂದ ತುಂಬಿಬಿಡುತ್ತಿದ್ದಳು. ಎಷ್ಟು ತಿದ್ದಿದರೂ ಅದೇ ತಪ್ಪು. ಒಂದು ಮಧ್ಯಾಹ್ನ ರೇಗಿ ಕಾರಣ ಕೇಳಿದೆ.

“ಖಾಲಿ ಬಿಡಬಾರದ್ರಿ ಮಾಮಾ. ಬಿಟ್ರ ಯಾರರೆ ಬಂದು ಸೇರ್ಕೋತಾರ,” ಎಂದು ಅವಳು ನಡುಮನೆಯ ತೊಟ್ಟಿಲಿನತ್ತ ನೋಡಿದಳು.

ಆ ತೊಟ್ಟಿಲಲ್ಲಿ ಅವಳ ಅಣ್ಣನ ಕೂಸು ಮಲಗುತ್ತಿತ್ತು. ಚಳಿಗಾಲದಲ್ಲಿ ಜ್ವರ ಬಂದು ತೀರಿಕೊಂಡಿತ್ತು. ತೊಟ್ಟಿಲನ್ನು ಬಿಚ್ಚಲು ಯಾರಿಗೂ ಮನಸ್ಸು ಬಂದಿರಲಿಲ್ಲ. ತೊಟ್ಟಿಲು ಬರಿದಾಗಿರಬಾರದೆಂದು ಅಕ್ಕ ಅದರೊಳಗೆ ಖಾರ ಅರೆಯುವ ಗುಂಡುಕಲ್ಲನ್ನು ಬಟ್ಟೆ ಸುತ್ತಿ ಮಲಗಿಸಿದ್ದಳು. ನಾನು ವಿಜ್ಞಾನದ ಪರವಾಗಿ ಸುದೀರ್ಘ ಉಪನ್ಯಾಸವೊಂದನ್ನು ಆರಂಭಿಸಿದೆ. ಕರೆಂಟು ಹೋಗಿ ಫ್ಯಾನು ನಿಂತಿತ್ತು, ಹೊರಗೆ ಎಲೆ ಅಲುಗದಂಥ ಸೆಕೆ. ನಡುವೆ ತೊಟ್ಟಿಲ ಹಗ್ಗ ಕಿರುಗುಟ್ಟಿತು. ಮೆಲ್ಲಗೆ, ಒಂದೇ ಲಯದಲ್ಲಿ ತೊಟ್ಟಿಲು ತೂಗುತ್ತಿತ್ತು. ಎದ್ದು ಹೋಗಿ ಇಣುಕಿದರೆ ಒಳಗೆ ಕಲ್ಲಿರಲಿಲ್ಲ. ಸುತ್ತಿದ ಬಟ್ಟೆ ಒಗೆಯಲೆಂದು ಅಕ್ಕ ಕಲ್ಲನ್ನೂ ಹಿತ್ತಲಿಗೆ ಒಯ್ದಿದ್ದಳು. ಹಾಸಿದ್ದ ಕೌದಿಯ ನಡುವೆ ಸಣ್ಣದೊಂದು ತಗ್ಗಿತ್ತು. ಅದು ಕಲ್ಲಿನದೇ ಇರಬೇಕು. ಮುಟ್ಟಿ ನೋಡುವ ಧೈರ್ಯ ನನಗಾಗಲಿಲ್ಲ. ಅಕ್ಕ ಬಂದು, ಒದ್ದೆ ಕೈಯಿಂದಲೇ ಕಲ್ಲನ್ನು ಮಲಗಿಸಿದಳು. ತೊಟ್ಟಿಲು ನಿಂತಿತು. ನನ್ನ ಉಪನ್ಯಾಸ ಅದಕ್ಕೂ ಮೊದಲೇ ನಿಂತಿತ್ತು.

ಆದರೂ ಅಂಕಗಳು ಅಂಕಗಳೇ, ಹುಡುಗಿಯ ಓದು ಅವುಗಳ ಮೇಲೆಯೇ ನಿಂತಿತ್ತು. “ಪರೀಕ್ಷ್ಯಾಗ ಒಂದ್ ಸಲ ಖಾಲಿ ಬಿಡವ್ವಾ,” ಎಂದು ತಗ್ಗಿದ ದನಿಯಲ್ಲಿ ಬೇಡಿಕೊಂಡೆ.

ಪರೀಕ್ಷೆಯ ದಿನ ಜಗತ್ ಸರ್ಕಲ್ಲಿನ ಹತ್ತಿರದ ಕೇಂದ್ರದೆದುರು ಕಾದು ನಿಂತಿದ್ದೆ. ಭಾಗ್ಯಶ್ರೀ ಬಿಸಿಲಿಗೆ ಬೆವರುತ್ತ ಹೊರಬಂದಳು; ಹಿಡಿದರೆ ಕೈ ಮಾತ್ರ ತಣ್ಣಗಿತ್ತು. “ಖಾಲಿ ಬಿಟ್ಟೀನ್ರಿ ಮಾಮಾ,” ಎಂದಳು. ಸ್ವಲ್ಪ ದೂರ ನಡೆದ ಮೇಲೆ ಮೆಲ್ಲಗೆ ಕೇಳಿದಳು: “ಆ ಪೇಪರ್ ಯಾರ ಮನಿಗಿ ಹೋಗ್ತದ್ರಿ? ಅವ್ರ ಮನ್ಯಾಗ ಸಣ್ಣ ಕೂಸು ಅದನೇನ್ರಿ?”

ಯಾರ ಮನೆಗೂ ಹೋಗುವುದಿಲ್ಲ, ಮೌಲ್ಯಮಾಪನ ಕೇಂದ್ರದಲ್ಲೇ ಇರುತ್ತದೆ ಎಂದೆ. ಅವಳ ಮುಖ ಹಗುರಾಯಿತು. ಮುಂದೆ ಪಾಸೂ ಆದಳು, ಭಾವ ತಕರಾರಿಲ್ಲದೆ ಪದವಿ ಕಾಲೇಜಿಗೆ ಸೇರಿಸಿದರು.

ನನ್ನ ಫಜೀತಿ ಮಾತ್ರ ಪರೀಕ್ಷೆಯ ದಿನ ಸಂಜೆಯೇ ಶುರುವಾಯಿತು. ನಮ್ಮ ಕಾಲೇಜಿನ ಕಿರುಪರೀಕ್ಷೆಗಳ ಉತ್ತರಪತ್ರಿಕೆಗಳನ್ನು ನಾನು ಮನೆಗೇ ತಂದು ತಿದ್ದುವವನು. ಕಟ್ಟು ಬಿಚ್ಚಿದರೆ, ನಾನು ಕಲಿಸಿದ ಜಾಣ ವಿದ್ಯಾರ್ಥಿಗಳು ಹಾಳೆ ಹಾಳೆಯಲ್ಲೂ ವೃತ್ತವನ್ನು ಖಾಲಿಯೇ ಬಿಟ್ಟಿದ್ದರು. ಒಳಕೋಣೆಯಲ್ಲಿ ಪುಟ್ಟ ಮೊಮ್ಮಗಳು ಮಲಗಿದ್ದಳು. ಎಲ್ಲರಿಗೂ ಪೂರ್ತಿ ಅಂಕ ಕೊಟ್ಟೆ. ಆಮೇಲೆ ಎದ್ದು ಹೋಗಿ ಅವಳ ಕೋಣೆಯ ಬಾಗಿಲು ಮುಂದೆ ಮಾಡಿ ಬಂದು, ಅದೇ ಕೆಂಪು ಪೆನ್ನಿನಿಂದ ಒಂದೊಂದೇ ವೃತ್ತವನ್ನು ತುಂಬುತ್ತ ಕುಳಿತೆ.