ಪಿಟೀಲಿನಡಿ ಮುಚ್ಚಿಹೋದ ಮಾತು

ಲಂಡನ್ನಿನ ಎಜ್‌ವೇರ್‌ನ ನಮ್ಮ ಫ್ಲ್ಯಾಟಿನ ಲಿಫ್ಟಿನಲ್ಲಿ ಮೊನ್ನೆ ಏಲಕ್ಕಿ ವಾಸನೆ. ಯಾರೋ ಬೇಕರಿಯಿಂದ ಬಿಸಿ ಬನ್ನು ತಂದಿರಬೇಕು. ಡ್ಯೂಟಿ ಮುಗಿಸಿ ಟ್ಯೂಬ್ ರೈಲಿನಲ್ಲಿ ನಿಂತೇ ಬಂದು ನನ್ನ ಕಾಲು ಸೋತುಹೋಗಿದ್ದವು; ಆದರೂ ಇಳಿಯುವ ಮನಸ್ಸಾಗಲಿಲ್ಲ. ಪಕ್ಕದ ಮನೆಯ ಆಂಟಿ ನೆನಪಾದರು... ನಾವು ಪಾಯಸಕ್ಕೆ ಹಾಕುವುದಕ್ಕಿಂತ ಹೆಚ್ಚು ಏಲಕ್ಕಿಯನ್ನು ಬನ್ನಿಗೆ ಸುರಿಯುತ್ತಿದ್ದ ಸ್ವೀಡನ್ನಿನ ಹೆಂಗಸು.

ಅವರು ನಟಿ. ನಾಯಕಿಯಲ್ಲ. ಸಿನಿಮಾದಲ್ಲಿ, ಟೀವಿಯಲ್ಲಿ ರಷ್ಯಾದ ಗೂಢಚಾರಿಣಿ, ಜರ್ಮನ್ ನರ್ಸು, ಪೋಲೆಂಡಿನ ಮನೆಕೆಲಸದವಳು... ಹೀಗೆ ಜೀವಮಾನವಿಡೀ ಬೇರೆ ದೇಶದವರಾಗಿಯೇ ದುಡಿದರು. "ನನ್ನ ಮೂಗಲ್ಲಿ ಇವರಿಗೆ ಯಾವ ದೇಶ ಬೇಕಾದ್ರೂ ಕಾಣತ್ತೆ, ಸ್ವೀಡನ್ ಒಂದು ಬಿಟ್ಟು" ಎಂದು ಇಂಗ್ಲಿಷಿನಲ್ಲಿ ಗೊಣಗುತ್ತಿದ್ದರು.

ವಯಸ್ಸು ಎಂಬತ್ತರ ಹತ್ತಿರ ಬಂದಾಗ ಒಂದು ಧಾರಾವಾಹಿಯಲ್ಲಿ ಸ್ವೀಡಿಷ್ ಮುದುಕಿಯ ಪಾತ್ರ ಸಿಕ್ಕಿತು. ಊರಿನ ಅಕ್ಕನ ಜೊತೆ ಫೋನಿನಲ್ಲಿ ಮಾತಾಡುವ ಒಂದೇ ದೃಶ್ಯ, ಅದೂ ಸ್ವೀಡಿಷಿನಲ್ಲೇ. ಸಾಯುವುದರೊಳಗೆ ಒಂದು ಸಲವಾದರೂ ತಮ್ಮ ಭಾಷೆ ತಮ್ಮ ಬಾಯಿಂದ ಟೀವಿಯಲ್ಲಿ ಕೇಳಿಸಬೇಕು ಅನ್ನುವುದೊಂದೇ ಅವರ ಆಸೆ. ಅಭ್ಯಾಸಕ್ಕೆ ಅಕ್ಕನಾಗಿ ನನ್ನನ್ನೇ ಕೂರಿಸಿದರು. ಆಲೂಗೆಡ್ಡೆ ಸಿಪ್ಪೆ ತೆಗೆಯುತ್ತಾ ಮಾತು ಹೇಳುವುದು ಅವರ ಪದ್ಧತಿ. ಕೈಗೆ ಕೆಲಸವಿದ್ದರೆ ನಟನೆ ಅತಿಯಾಗುವುದಿಲ್ಲವಂತೆ.

"ನೀನು ನಿನ್ನ ಭಾಷೇಲೇ ಉತ್ತರ ಕೊಡು. ಅಕ್ಕನ ದನಿ ಕಿವಿಗೆ ಬಿದ್ರೆ ಸಾಕು" ಅಂದರು.

ನಾನೋ, "ಅಯ್ಯೋ, ಬೆಳಗ್ಗೆಯಿಂದ ಸೊಂಟ ಹಿಡ್ಕೊಂಡಿದೆ ಕಣೇ, ತೊಗರಿಬೇಳೆ ಬೇರೆ ಮುಗಿದಿದೆ" ಎಂದು ಬಾಯಿಗೆ ಬಂದದ್ದು ಹೇಳುತ್ತಿದ್ದೆ. ಅದಕ್ಕೆ ಅವರು ಕಣ್ಣು ತುಂಬಿಕೊಂಡು ಏನೋ ಅನ್ನುತ್ತಿದ್ದರು. ಅರ್ಥ ಕೇಳಿದರೆ, "ಟೀವೀಲಿ ಕೆಳಗಡೆ ಇಂಗ್ಲಿಷಲ್ಲಿ ಬರತ್ತೆ, ಓದ್ಕೋ" ಎಂದು ನಗುತ್ತಿದ್ದರು.

ಪ್ರಸಾರದ ದಿನ ನಮ್ಮ ಮನೆಯಲ್ಲೇ ಕೂತು ನೋಡಿದೆವು. ಅವರ ಮುಖ ಬಂತು, ತುಟಿ ಆಡಿತು. ಅದರ ಮೇಲೆ ಪಿಟೀಲು! ಒಂದು ಮಾತೂ ಕೇಳಿಸಲಿಲ್ಲ, ಕೆಳಗೆ ಒಂದಕ್ಷರವೂ ಬರಲಿಲ್ಲ. "ಇವರ ಮನೆ ಹಾಳಾಗ!" ಎಂದು ಕನ್ನಡದಲ್ಲೇ ಬೈದೆ. ಅವರು ಮಾತ್ರ, "ಬೆಳಕು ಚೆನ್ನಾಗಿ ಬಿಟ್ಟಿದ್ದಾರೆ" ಎಂದಷ್ಟೇ ಹೇಳಿ ಶಾಲು ಹೊದ್ದು ಎದ್ದರು. ಆಮೇಲೆ ಅರ್ಥ ಕೇಳಲು ನನಗೆ ಬಾಯಿ ಬರಲಿಲ್ಲ...

ಅವರು ತೀರಿಕೊಂಡು ಎರಡು ಚಳಿಗಾಲವಾಯಿತು. ಇಷ್ಟು ದಣಿವಿನಲ್ಲಿ ಬಾಗಿಲು ತಟ್ಟಿ ಕೂರಲು ಈಗ ಒಂದು ಮನೆಯಿಲ್ಲ. ಆ ಧಾರಾವಾಹಿ ಈಗಲೂ ಆಗಾಗ ಬರುತ್ತಿರುತ್ತದೆ. ಅವರ ದೃಶ್ಯ ಬಂದಾಗ ಸೌಂಡ್ ತೆಗೆದುಬಿಡುತ್ತೇನೆ. ಅಭ್ಯಾಸದ ದಿನಗಳಲ್ಲಿ ಕೇಳಿ ಕೇಳಿ ಆ ಮಾತು ನನಗೆ ಬಾಯಿಪಾಠವಾಗಿದೆ. ಅವರ ತುಟಿ ನೋಡಿಕೊಂಡು ಅವರ ಬದಲು ನಾನೇ ಹೇಳುತ್ತೇನೆ. ಏನು ಹೇಳುತ್ತಿದ್ದೇನೋ, ದೇವರೇ ಬಲ್ಲ.