ಕಳ್ಳರ ಕಾಲ್ಮರಿ

ಅಮಸಿದ್ದಪ್ಪ ಕಾಕಾ ಬರುವುದು ನಮ್ಮ ಓಣಿಗೆ ಅವನಿಗಿಂತ ಮೊದಲೇ ತಿಳಿಯುತ್ತಿತ್ತು. ಅವನ ಕಾಲಲ್ಲಿ ಕುರಿಗಾರರು ಹಾಕುವ ದಪ್ಪ ತೊಗಲಿನ ಚಪ್ಪಲಿ. ಹೆಜ್ಜೆ ಇಟ್ಟರೆ ಜೀರ್, ಎತ್ತಿದರೆ ಕಿರ್. ಹಣಮಪ್ಪನ ಗುಡಿಯ ಮೂಲೆಯಲ್ಲಿ ಆ ಸದ್ದು ಕೇಳಿಸಿದ ಕೂಡಲೇ ಅವನ ಹೆಂಡತಿ ಬೋರವ್ವ ಒಲೆಯ ಮೇಲೆ ಚಹಾದ ನೀರಿಡುತ್ತಿದ್ದಳು. ಜೊತೆಗೆ ಬೈಗುಳವನ್ನೂ ಕಾಯಲಿಡುತ್ತಿದ್ದಳು. ಕಾಕಾ ಹೊಸ್ತಿಲು ದಾಟುವ ಹೊತ್ತಿಗೆ ಎರಡೂ ಕುದಿಯುತ್ತಿದ್ದವು.

ಬನಹಟ್ಟಿಯಲ್ಲಿ ಸದ್ದಿಗೇನೂ ಬರವಿಲ್ಲ. ಮನೆಮನೆಯ ಮಗ್ಗಗಳು ಹಗಲೆಲ್ಲ ಖಟಖಟ ಬಡಿಯುತ್ತಲೇ ಇರುತ್ತವೆ. ಆ ಗದ್ದಲದಲ್ಲೂ ಬೇರೆಯಾಗಿ ಕೇಳುತ್ತಿತ್ತೆಂದರೆ ಅವನ ಚಪ್ಪಲಿಯ ಗತ್ತು ಎಂಥದೆಂದು ತಿಳಿಯಬಹುದು.

ಕುರಿ ಇದ್ದ ಕಾಲಕ್ಕೆ ಆ ಸದ್ದಿನ ಹಿಂದೆ ಒಂದು ಹಿಂಡೇ ಬರುತ್ತಿತ್ತಂತೆ. ಹೊಳೆಯ ನೀರು ಹೊಲಹೊಲಕ್ಕೆ ಬಂದು ಕಬ್ಬು ಬದುವಿನ ತನಕ ನಿಂತ ಮೇಲೆ ಮೇಯಿಸಲು ಜಾಗ ಉಳಿಯಲಿಲ್ಲ. ಕುರಿ ಒಂದು ಬಾಯಿ ಕಬ್ಬಿಗೆ ಹಾಕಿದರೆ ಒಂದು ಜಗಳ. ಕಾಕಾ ಕುರಿ ಮಾರಿದ. ಮಾರಿದ ಮೇಲೂ ಬೆಳಿಗ್ಗೆ ಎದ್ದು ಕೋಲು ಹಿಡಿದು ತೇರದಾಳದ ದಾರಿ ಹಿಡಿಯುತ್ತಿದ್ದ. ಸ್ವಲ್ಪ ದೂರ ಹೋಗಿ ಹಿಂದೆ ತಿರುಗಿ ನೋಡುತ್ತಿದ್ದ. ರಸ್ತೆಯಷ್ಟೇ ಇರುತ್ತಿತ್ತು. "ಎಲ್ಲಿಗಿ ಹೊಂಟಿ ಕಾಕಾ?" ಎಂದು ಯಾರಾದರೂ ಕೇಳಿದರೆ ಅವನ ಬಳಿ ಉತ್ತರವಿರಲಿಲ್ಲ. ನಡೆಯದೆ ಇರಲಾರ, ಉತ್ತರವಿಲ್ಲದೆ ನಡೆಯಲು ನಾಚಿಕೆ. ಗುಡಿಯ ಕಟ್ಟೆಯ ಮೇಲೆ ಇಸ್ಪೀಟು ಆಡುವವರು ಸರಿದು ಜಾಗ ಮಾಡಿ ಕರೆಯುತ್ತಿದ್ದರು. ಆ ಕಟ್ಟೆಗೆ ಅವನು ಹೆದರಿದಷ್ಟು ತೋಳಕ್ಕೂ ಹೆದರಿದವನಲ್ಲ.

ನೂಲಿನ ವ್ಯಾಪಾರಿ ಗಿರಮಲ್ಲಪ್ಪ ಸಾವಕಾರರು ಬೂಟಿನ ಕಾರ್ಖಾನೆ ತೆಗೆದದ್ದು ಅದೇ ಸುಮಾರಿಗೆ, ಎರಡು ಸಾವಿರದ ಒಂಬತ್ತರಲ್ಲಿ. ಪೊಲೀಸ್ ಭರ್ತಿ, ಮಿಲಿಟರಿ ಭರ್ತಿ ಎಂದು ಜಮಖಂಡಿ, ಮುಧೋಳದ ಹುಡುಗರೆಲ್ಲ ನಸುಕಿನಲ್ಲಿ ಎದ್ದು ಓಡುವುದನ್ನು ಅವರು ನೋಡಿದ್ದರು. "ಹೆಂಗಿದ್ರೂ ಓಡ್ತಾರ. ನಮ್ಮ ಬೂಟ ಹಾಕ್ಕೊಂಡ ಓಡ್ಲಿ" ಎಂದರು. ಮೇಲಿನ ಜಾಲರಿ ಬಟ್ಟೆ ಅವರದೇ ಮಗ್ಗದ್ದು. ತಳದ ಅಟ್ಟೆ ಆಗ್ರಾದಿಂದ ಬರುತ್ತಿತ್ತು. ಹಿಮ್ಮಡಿಗೆ ಮೆತ್ತಗಿರಲೆಂದು ಒಳಗೆ ಹಾಕುವ ಸ್ಪಂಜು ದಿಲ್ಲಿಯ ಕಡೆಯಿಂದ ಲಾರಿಯಲ್ಲಿ. ಆ ಸ್ಪಂಜಿನ ಹೆಸರು ಈವಾ. ಪದವಿ ಮುಗಿಸಿದ್ದ ನಾನು ಅಲ್ಲಿ ಬಿಲ್ಲು ಬರೆಯುತ್ತಿದ್ದೆ. ಕಾಕಾ ಬಾಗಿಲಿಗೆ ಕಾವಲು ಸೇರಿದ. ಸೇರಿದ ದಿನವೇ ಸಾವಕಾರರು ಫೋನು ಹಿಡಿದು ಕೂಗಾಡುತ್ತಿದ್ದರು.

"ಈವಾ ಯಾಕ ಬಂದಿಲ್ಲ?"

ಕಾಕಾ ಗಡಬಡಿಸಿ ಎದ್ದು ನಿಂತ. "ಯಾಂವರಿ?"

"ಈವಾ ಕಾಕಾ, ಈವಾ!"

ನಮ್ಮ ಕಡೆ ಈವಾ ಎಂದರೆ ಇವನು. ಕಾಕಾ ಎದೆಯ ಮೇಲೆ ಕೈ ಇಟ್ಟುಕೊಂಡು ಹೇಳಿದ: "ನಾ ಆಗಳೇ ಬಂದೇನಲ್ರಿ!"

ಕಾವಲಿಗೆ ಕೂಡಿಸಿದರೆ ಅವನು ಕೂಡಲೊಲ್ಲ. ಅಂಗಳದಲ್ಲಿ ಈ ತುದಿಯಿಂದ ಆ ತುದಿಗೆ ಜೀರ್ ಕಿರ್ ನಡೆಯುತ್ತಲೇ ಇರುತ್ತಿದ್ದ. ಸಾವಕಾರರಿಗೆ ತಲೆನೋವು ಬಂದು, ಆ ತಲೆನೋವಿನಲ್ಲೇ ಒಂದು ಯೋಚನೆಯೂ ಬಂತು.

"ಕಾಕಾ, ನಿನಗ ಕೂಡಾಕ ಬರೂದಿಲ್ಲ. ಒಂದ ಕೆಲಸಾ ಮಾಡು. ಹೊಸಾ ಮಾಲ ತಯಾರಾದಾಗೊಮ್ಮಿ ಒಂದ ಜೋಡ ಹಾಕ್ಕೊಂಡ ತೇರದಾಳ ಮಟಾ ಹೋಗಿ ಬಾ. ಛಲೋ ಐತಿ ಅನಸಿದ್ರ ಡಬ್ಬಿ ಮ್ಯಾಲ ಶಿಕ್ಕಾ ಹೊಡಿ."

ಹೀಗೆ ಅವನಿಗೆ ಒಂದು ಸ್ಟೂಲು ಸಿಕ್ಕಿತು, 'ಪಾಸ್' ಎಂದಿದ್ದ ಒಂದು ರಬ್ಬರ್ ಶಿಕ್ಕಾ ಸಿಕ್ಕಿತು. ಎಲ್ಲಕ್ಕಿಂತ ಹೆಚ್ಚಾಗಿ, ನಡಿಗೆಗೆ ಒಂದು ಉತ್ತರ ಸಿಕ್ಕಿತು. ಈಗ ದಾರಿಯಲ್ಲಿ ಯಾರಾದರೂ ಎಲ್ಲಿಗೆ ಎಂದರೆ ಕಾಕಾ ನಿಂತು, ಉಸಿರು ಎಳೆದುಕೊಂಡು, "ಚೆಕಿಂಗ್" ಎನ್ನುತ್ತಿದ್ದ. ತಲೆಗೆ ಪಟಕಾ, ಹೆಗಲಿಗೆ ಕಂಬಳಿ, ಮೊಳಕಾಲು ಮುಟ್ಟುವ ಧೋತರ, ಕೆಳಗೆ ಗಿಳಿಹಸಿರು ಬೂಟು. ತೇರದಾಳದ ಬಸ್ಸಿನ ಕಂಡಕ್ಟರು ಕಿಟಕಿಯಿಂದ ಕೂಗುತ್ತಿದ್ದ: "ಕಾಕಾ, ಮ್ಯಾಲ ಬೀರಪ್ಪನ ಪೂಜಾರಿ, ಕೆಳಗ ಕ್ರಿಕೆಟ್ ಪ್ಲೇಯರ್!"

ಚಪ್ಪಲಿಗೆ ನಮ್ಮ ಕಡೆ ಹಿರಿಯರು ಕಾಲ್ಮರಿ ಎನ್ನುತ್ತಾರೆ. ಉಳಿದವರಿಗೆ ಅದು ಬರಿಯ ಹೆಸರು, ಕಾಕಾನಿಗೆ ಬೂಟು ನಿಜವಾಗಿ ಮರಿಯೇ. ಸಂತೆಯಲ್ಲಿ ಕುರಿಯ ಸೊಂಟ ಹಿಚುಕಿ ಮಾಂಸ ನೋಡುವಂತೆ ಬೂಟಿನ ಹಿಮ್ಮಡಿ ಹಿಚುಕುತ್ತಿದ್ದ. ಸ್ಪಂಜು ತೆಳುವಾಗಿದ್ದರೆ ನನ್ನ ಕಡೆ ತಿರುಗಿ, "ಈ ಮರಿ ಬಡಕ ಐತಿ ತಂಗಿ, ಮೇವಿಲ್ಲ." ಮುಂಭಾಗದ ಹೊಲಿಗೆ ಬಿಟ್ಟಿದ್ದರೆ, "ಇದಕ್ಕ ಬಾಯಿಬ್ಯಾನಿ." ಅದನ್ನೆಲ್ಲ ದಿಲ್ಲಿಯವರಿಗೆ ಹಿಂದಿಯಲ್ಲಿ ತಿಳಿಸುವುದು ನನ್ನ ಕೆಲಸ. ಬೂಟಿಗೆ ಬಾಯಿಬೇನೆ ಎಂಬುದನ್ನು ಹಿಂದಿಯಲ್ಲಿ ಹೇಳಲು ನಾನು ಕಲಿತ ಕಾಲೇಜು ಸಾಲಲಿಲ್ಲ.

ಅವನು ಹೇಳಿದ್ದೆಲ್ಲ ಸರಿಯಾಗಿರುತ್ತಿತ್ತು ಎಂದೇನಲ್ಲ. ಒಂದು ಸಲ "ಈ ಜೋಡ ಹುಟ್ಟಾ ಕುಂಟ ಐತಿ" ಎಂದು ಇಡೀ ಮಾಲನ್ನು ತಡೆದ. ನೋಡಿದರೆ ಎಡಗಾಲಿನದನ್ನು ಬಲಗಾಲಿಗೆ ಹಾಕಿಕೊಂಡು ತೇರದಾಳ ಮುಟ್ಟಿ ಬಂದಿದ್ದ.

ಇದೆಲ್ಲ ನಡೆಯುತ್ತಿತ್ತು. ನಡೆಯದೆ ಹೋದದ್ದು ಒಂದೇ ಒಂದು ಮಾತು. ಮುಧೋಳದ ಹುಡುಗರಿಗೆಂದು ಮಾಡಿದ ಮೊದಲ ದೊಡ್ಡ ಮಾಲು ತಯಾರಾಗಿತ್ತು. ಕಾಕಾ ನಡೆದು ಬಂದ, ಸ್ಟೂಲಿನ ಮೇಲೆ ಕುಳಿತ, ಶಿಕ್ಕಾ ಮುಟ್ಟಲಿಲ್ಲ.

"ಎಲ್ಲಾ ಛಲೋ ಐತ್ರಿ. ದನಿ ಇಲ್ಲ."

"ಬೂಟಿಗಿ ದನಿ ಯಾಕ ಬೇಕೋ ಕಾಕಾ?" ಎಂದರು ಸಾವಕಾರರು.

"ಮನಷ್ಯಾ ಬರೂದ ಮಂದಿಗಿ ಗೊತ್ತಾಗಬೇಕ್ರಿ. ಹುಲ್ಲಾಗಿನ ಹಾವಿಗಿ ಗೊತ್ತಾದ್ರ ಅದು ಸರದ ಹೋಗ್ತೈತಿ. ಹೊಳಿಯಾಗ ಜಳಕಾ ಮಾಡೂ ಹೆಣಮಕ್ಕಳಿಗಿ ಗೊತ್ತಾದ್ರ ಸೆರಗ ಹೊತ್ಕೋತಾರ. ದನಿ ಇಲ್ದ ಬರಾಂವ ಯಾಂವ ಹೇಳ್ರಿ? ಕಳ್ಳ. ಇದು ಕಳ್ಳರ ಕಾಲ್ಮರಿ. ನಾ ಶಿಕ್ಕಾ ಹೊಡ್ಯಾಂಗಿಲ್ಲ."

ಸಾವಕಾರರು ನಕ್ಕರು, ರೇಗಿದರು, ಮತ್ತೆ ನಕ್ಕರು. ಕೊನೆಗೆ ತಿರುಗಿ ಬಂದು ತಾವೇ ಶಿಕ್ಕಾ ಹೊಡೆಯುವುದಾಗಿ ಹೇಳಿ ನೂಲಿನ ಕೆಲಸಕ್ಕೆ ಸೋಲಾಪುರಕ್ಕೆ ಹೋದರು. ಅವರು ಅತ್ತ ಹೋದರು, ಇತ್ತ ದಿಲ್ಲಿಯಿಂದ ಹೊಸ ಈವಾ ಬಂತು. ಅದರಲ್ಲಿ ಏನು ಹೆಚ್ಚುಕಡಿಮೆಯಾಗಿತ್ತೋ, ಅಟ್ಟೆಗೆ ಉಜ್ಜಿದರೆ ಸಾಕು, ಕಿರ್ರ್ ಎನ್ನುತ್ತಿತ್ತು. ಅದನ್ನು ಹಾಕಿದ ಹೊಸ ಮಾಲಿನ ಮೊದಲ ಜೋಡಿಯಲ್ಲಿ ತೇರದಾಳಕ್ಕೆ ಹೋದ ಕಾಕಾ ಮದುಮಗನಂತೆ ತಿರುಗಿ ಬಂದ. "ಮಾತಾಡಾಕತ್ತೈತಿ ತಂಗಿ! ಮರಿ ಬಾಯಿ ಬಿಡ್ತು!" ಎಂದು ಡಬ್ಬಿ ಡಬ್ಬಿಗೆ ಶಿಕ್ಕಾ ಹೊಡೆದ. ಒಂದು ಸಲ ಹೊಡೆಯುವ ಕಡೆ ಎರಡು ಸಲ ಹೊಡೆದ. ಮೌನದ ಮಾಲು ಮೂಲೆಯಲ್ಲೇ ಉಳಿಯಿತು. ಸಾವಕಾರರು ಸೋಲಾಪುರದಿಂದ ಬರುವ ಹೊತ್ತಿಗೆ ಮಾತಾಡುವ ಬೂಟುಗಳು ಮುಧೋಳ ಮುಟ್ಟಿದ್ದವು.

ಮುಧೋಳದಲ್ಲಿ ವೀರೇಶ ಸರ್ ಎಂಬವರು ಭರ್ತಿಗೆ ಹೋಗುವ ಹುಡುಗರನ್ನು ಓಡಿಸಿ ತಯಾರು ಮಾಡುತ್ತಿದ್ದರು. ಹುಡುಗರು ತಮ್ಮ ತಮ್ಮ ದುಡ್ಡಿನಿಂದಲೇ ಬೂಟು ಕೊಂಡಿದ್ದರು. ಮೊದಲ ದಿನ ಎಲ್ಲರೂ ಕೂಡಿ ಓಡಿದಾಗ, ದೊಡ್ಡ ಮಳೆ ಬಂದ ಮರುದಿನದ ಹೊಂಡದಂತೆ ಮೈದಾನವೆಲ್ಲ ವಟಗುಟ್ಟಿತಂತೆ. ಊರ ನಾಯಿಗಳು ದನಿಗೂಡಿಸಿದವಂತೆ. ಸರ್ ಕಿವಿ ಮುಚ್ಚಿಕೊಂಡು ಕುಳಿತರು. ಕುಳಿತಿದ್ದವರು ಮೆಲ್ಲಗೆ ಕೈ ತೆಗೆದರು. ಮೈದಾನದ ಆಚೆ ತುದಿಗೆ ಒಂದು ಕಬ್ಬಿನ ಹೊಲವಿದೆ. ಸದ್ದು ಅದರ ಹಿಂದೆ ಹೋಗುವಾಗ ಜೋರಾಗಿತ್ತು, ಹೊರಬರುವಾಗ ಅರ್ಧವಾಗಿತ್ತು.

"ಕಬ್ಬಿನ ಹಿಂದ ಕುಂತೀರೇನ್ರಲೇ! ಏಳ್ರಿ!" ಎಂದು ಸರ್ ಕುರ್ಚಿಯಿಂದಲೇ ಕೂಗಿದರು. ಅಂದಿನಿಂದ ಅವರು ಕಣ್ಣು ಮುಚ್ಚಿ ಚಹಾ ಕುಡಿಯುತ್ತಲೇ ತರಬೇತಿ ನಡೆಸತೊಡಗಿದರು. ಅವರಿಗೆ ಬೂಟು ಬಹಳ ಹಿಡಿಸಿತು. ಹುಡುಗರಿಗೆ ಹಿಡಿಸಲಿಲ್ಲ. ಆ ವಾರವೇ ಮಾಳು ಎಂಬ ಹುಡುಗ ಎಲ್ಲ ಬೂಟುಗಳನ್ನೂ ಚೀಲಗಳಲ್ಲಿ ತುಂಬಿ ಟೆಂಪೋದಲ್ಲಿ ಹಾಕಿಕೊಂಡು ಬನಹಟ್ಟಿಗೆ ಬಂದ.

"ಸಾವಕಾರ್ರ, ಇವು ಬೂಟಲ್ರಿ, ಚಾಡಿಕೋರ ಅದಾವ್ರಿ! ನಾವು ಉಸರ ಬಿಡಾಕ ಕುಂತ್ರೂ ಸರ್‌ಗೆ ಹೇಳತಾವು. ಬಾಯಿ ಮುಚ್ಕೊಂಡ ಇರೂ ಹಂತಾವ ಕೊಡ್ರಿ."

ಟೆಂಪೋ ಹೋದ ಮೇಲೆ ಸಾವಕಾರರು ಮೂಲೆಯಲ್ಲಿದ್ದ ಮೌನದ ಮಾಲನ್ನು ಸ್ಟೂಲಿನ ಮುಂದೆ ಇಡಿಸಿದರು. ಅವರ ಮಾತಿನಲ್ಲಿ ಈ ಸಲ ನಗೆ ಇರಲಿಲ್ಲ.

"ಕಾಕಾ, ಇದಕ್ಕ ಶಿಕ್ಕಾ ಹೊಡಿ. ನಿನ್ನ ಕೈಲೆ ಆಗೂದಿಲ್ಲಂದ್ರ ನಾಳಿಂದ ಬರಬ್ಯಾಡ. ಗುಡಿ ಕಟ್ಟಿ ಮ್ಯಾಲ ಕುಂದ್ರ ಹೋಗು."

ಕಾಕಾ ಒಂದು ಬೂಟು ಎತ್ತಿ ಅದರ ಹಿಮ್ಮಡಿ ಹಿಚುಕಿದ. ಶಿಕ್ಕಾ ಹೊಡೆದರೆ ತನ್ನ ಮಾತು ಹೋಗುತ್ತದೆ, ಹೊಡೆಯದಿದ್ದರೆ ತೇರದಾಳದ ದಾರಿ ಹೋಗುತ್ತದೆ. "ಇನ್ನೊಂದ ಸಲ ನಡದ ನೋಡ್ತೇನ್ರಿ. ಇವತ್ತ ಮನೀಗಿ ಹಾಕ್ಕೊಂಡ ಹೋಗ್ತೇನಿ. ನಾಳಿ ಹೇಳ್ತೇನಿ" ಎಂದ. ತೊಗಲಿನ ಕಾಲ್ಮರಿಯನ್ನು ಸ್ಟೂಲಿನ ಕೆಳಗೆ ಬಿಟ್ಟು, ಹಸಿರು ಬೂಟು ಹಾಕಿಕೊಂಡು ಹೊರಟ.

ಆ ದಿನದ ನಡಿಗೆ ಅವನಿಗೆ ಸೇರಲಿಲ್ಲವಂತೆ. ರಸ್ತೆಯ ಮೇಲೆ ತಾನೂ ತನ್ನ ನೆರಳೂ ಒಂದೇ ತೂಕದವರಾಗಿ ಹೋಗುತ್ತಿದ್ದಂತೆ ಅನಿಸಿತಂತೆ. ಮೊಳಕಾಲು ನೋಯಲಿಲ್ಲ ಎಂಬುದೂ ಅವನಿಗೆ ಏನೋ ಮೋಸದಂತೆಯೇ ಕಂಡಿತು.

ಸಂಜೆ ನಮ್ಮ ಅಜ್ಜಿ ಭಾಗವ್ವ ಕಾಕಾನ ಮನೆಯ ಅಂಗಳದಲ್ಲಿ ಕುಳಿತು ಬೋರವ್ವನ ಜೊತೆ ಜೋಳ ಹಸನು ಮಾಡುತ್ತಿದ್ದಳು. ಅಜ್ಜಿಯ ಮುಖ ಓಣಿಯ ಬಾಗಿಲಿನ ಕಡೆ, ಬೋರವ್ವನ ಬೆನ್ನು ಬಾಗಿಲಿನ ಕಡೆ. ಆಮೇಲೆ ನಡೆದದ್ದನ್ನು ಅಜ್ಜಿಯೇ ನನಗೆ ಹೇಳಿದಳು.

ಬೋರವ್ವ ಮೊರದಲ್ಲಿ ಜೋಳ ಕೇರುತ್ತ ಮಾತಾಡುತ್ತಿದ್ದಳು. "ಕಂಪನಿ ಕಂಪನಿ ಅಂತಾರಲ್ಲ ಭಾಗಕ್ಕ, ಆ ಕಂಪನಿ ಯಾರ ಕಾಲ ಮ್ಯಾಲ ನಿಂತೈತಿ? ನಮ್ಮ ಮುದುಕನ ಕಾಲ ಮ್ಯಾಲ! ಸಾವಕಾರಗ ಬೂಟ ಅಂದ್ರ ಏನ ಗೊತ್ತ, ನೂಲ ಮಾರಾಂವ."

ಅಜ್ಜಿ ತಲೆ ಎತ್ತಿದಳು. ಬಾಗಿಲಲ್ಲಿ ಕಾಕಾ ನಿಂತಿದ್ದ. ಅಜ್ಜಿ ಬಾಯಿ ತೆರೆಯುವಷ್ಟರಲ್ಲಿ ಅವನು ತುಟಿಯ ಮೇಲೆ ಬೆರಳಿಟ್ಟ.

"ಕುರಿ ಮಾರಿದಾಗ ಮುದುಕ ರೊಟ್ಟಿ ಬಿಟ್ಟ ಕುಂತಿತ್ತ, ಜೀವಾ ಹೋಗ್ತೈತಿ ಅಂತ ಅಂಜಿದ್ದೆ" ಎಂದಳು ಬೋರವ್ವ. "ಈಗ ಆ ಹಸರ ಬೂಟ ಹಾಕ್ಕೊಂಡ ಹೊಂಟ್ರ, ಖರೆ ಹೇಳ್ತೇನಿ, ಮದವ್ಯಾಗ ನೋಡಿದಂಗ ಕಾಣಸ್ತೈತಿ. ಅದರ ಮುಂದ ಹೇಳಬ್ಯಾಡ ಮತ್ತ! ತಲಿ ಮ್ಯಾಲ ಕೂಡ್ತೈತಿ."

ಕಾಕಾ ಕಂಬಳಿಯ ಅಂಚು ಹಿಡಿದು ಹಾಗೆಯೇ ನಿಂತಿದ್ದ. ಮದುವೆಯಾದಾಗಿನಿಂದ ಅವನ ಕಾಲ್ಮರಿ ಅವನಿಗಿಂತ ಮುಂಚೆ ಮನೆ ಸೇರಿ ಬೋರವ್ವನ ಮಾತು ಬದಲಿಸುತ್ತಿತ್ತು. ತಾನು ಇಲ್ಲದಾಗ ತನ್ನ ಮನೆ ಹೇಗಿರುತ್ತದೆ ಎಂಬುದನ್ನು ಅವನು ಅಂದೇ ಮೊದಲ ಸಲ ಕೇಳಿದ್ದು. ಮಲಗಿದ ಮರಿಯನ್ನು ಎಬ್ಬಿಸದೆ ಸರಿಯುವವನಂತೆ ಹಿಂದೆ ಹಿಂದೆ ಹೆಜ್ಜೆ ಇಡುತ್ತ ಗುಡಿಯ ಮೂಲೆಯ ತನಕ ಹೋದ. ಅಲ್ಲಿ ನಿಂತು ಜೋರಾಗಿ ಕೆಮ್ಮಿದ. ಇನ್ನೊಮ್ಮೆ ಕೆಮ್ಮಿ, ನೆಲ ಒದೆಯುತ್ತ ಬಂದ.

"ಬಂತ ನೋಡ, ಊರ ತಿರಗೂ ಗಾಳಿ!" ಬೋರವ್ವನ ದನಿ ಏರಿತು. "ಕಾಲಾಗಿನ ದನಿ ಎಲ್ಲಿ ಇಟ್ಟ ಬಂದಿ? ಗೊತ್ತಾಗದಂಗ ಬಂದ್ರ ಚಾ ಹೆಂಗ ಇಡೂದು? ಆ ಹೊಲಸ ಬೂಟ ಒಳಗ ತರಬ್ಯಾಡ!"

ಕಾಕಾ ಬೂಟನ್ನು ಹೊರಗೆ ಬಿಟ್ಟು, ತಡವಾಗಿ ಬಂದ ಚಹಾವನ್ನು ಕುಡಿದ.

"ಯಾಕ ಹಲ್ಲ ಕಿಸ್ಯಾಕತ್ತಿ?" ಎಂದಳು ಬೋರವ್ವ. ಅಜ್ಜಿ ಮೊರದಲ್ಲಿ ಮುಖ ಮುಚ್ಚಿಕೊಂಡಳು.

ಮರುದಿನ ಸಾವಕಾರರು ಬರುವ ಮೊದಲೇ ಕಾಕಾ ಅರ್ಧ ಮಾಲಿಗೆ ಶಿಕ್ಕಾ ಹೊಡೆದಿದ್ದ. ಸಾವಕಾರರು ಡಬ್ಬಿಗಳನ್ನು ನೋಡಿದರು, ಅವನನ್ನು ನೋಡಿದರು.

"ಕಳ್ಳರ ಕಾಲ್ಮರಿ ಅಂದಿದ್ದಿ?"

"ಈಗೂ ಅಂತೇನ್ರಿ. ಕಳ್ಳರದ ಐತಿ." ಕಾಕಾ ಶಿಕ್ಕಾವನ್ನು ಮಸಿಗೆ ಒತ್ತಿದ. "ಆದ್ರ ಒಮ್ಮೊಮ್ಮಿ ಕಳುವ ಮಾಡಿದಾಗನ ಗೊತ್ತಾಗ್ತೈತ್ರಿ, ಮನ್ಯಾಗ ಏನ ಐತಿ ಅಂತ."

ಸಾವಕಾರರು ನನ್ನ ಕಡೆ ನೋಡಿದರು. ನಾನು ಬಿಲ್ಲು ಬರೆಯುತ್ತಿದ್ದೆ.

ಮುಧೋಳದ ಹುಡುಗರಿಗೆ ಬಾಯಿ ಮುಚ್ಚಿದ ಬೂಟು ಹೋದವು. ಚಾಡಿಕೋರ ಬೂಟುಗಳನ್ನು ಕಾಕಾನೇ ತೇರದಾಳದ ಸಂತೆಗೆ ಒಯ್ದ. ಅವನ ಬಳಗದ ಕುರಿಗಾರರು ಒಬ್ಬೊಬ್ಬರೂ ಕಿವಿಯ ಹತ್ತಿರ ಹಿಡಿದು ಒತ್ತಿ ನೋಡಿ, ಜೋರಾಗಿ ಕಿರುಗುಟ್ಟಿದ್ದನ್ನೇ ಆರಿಸಿ ಕೊಂಡರು.

ಕಾಕಾ ಮಾತ್ರ ತನ್ನ ತೊಗಲಿನದನ್ನು ಬಿಡಲಿಲ್ಲ. ಈಗಲೂ ಓಣಿಗೆ ಅವನಿಗಿಂತ ಮೊದಲು ಅವನ ಸದ್ದು ಬರುತ್ತದೆ, ಚಹಾ ಕುದಿಯುತ್ತದೆ. ಆದರೆ ಒಂದೊಂದು ಸಂಜೆ ಗುಡಿಯ ಮೂಲೆಯಲ್ಲಿ ಸದ್ದು ಇದ್ದಕ್ಕಿದ್ದಂತೆ ನಿಂತುಬಿಡುತ್ತದೆ. ಕಾಕಾ ಕಾಲ್ಮರಿ ಕಳಚಿ ಕಂಕುಳಲ್ಲಿ ಇಟ್ಟುಕೊಂಡು, ಕಂಬಳಿಯೊಳಗಿನಿಂದ ಹಸಿರು ಬೂಟು ತೆಗೆದು ಹಾಕಿಕೊಳ್ಳುವುದನ್ನು ಕಟ್ಟೆಯವರು ಇಸ್ಪೀಟು ಹಿಡಿದಂತೆಯೇ ನೋಡುತ್ತಾರೆ.

"ಎಲ್ಲಿಗಿ ಕಾಕಾ, ಹಿಂಗ ಬೆಕ್ಕಿನಂಗ?"

ಕಾಕಾ ಬೆರಳು ತುಟಿಗೆ ತರುತ್ತಾನೆ. ಆಮೇಲೆ ಪಿಸುದನಿಯಲ್ಲಿ ಹೇಳುತ್ತಾನೆ: "ಚೆಕಿಂಗ್."